ಎಂಟು ತಿಂಗಳ ಲೆಕ್ಕವನ್ನು ಸರಿಯಾಗಿ ಓದಿದ ಸ್ಟೀಫನ್ ಜೇ ಗೂಲ್ಡ್

– ದ್ವಿತೀಯ ಪಿಯುಸಿ, ವಾಣಿಜ್ಯ ವಿಭಾಗ

ಅರ್ಥಶಾಸ್ತ್ರದ ತರಗತಿಯಲ್ಲಿ ನಮಗೆ ಸರಾಸರಿ, ಮಧ್ಯಾಂಕ, ಬಹುಲಕ ಎಂಬ ಮೂರು ಲೆಕ್ಕಗಳನ್ನು ಕಲಿಸುತ್ತಾರೆ. ಪರೀಕ್ಷೆಗೆ ಬರುತ್ತದೆ ಎಂದು ಕಲಿಯುತ್ತೇವೆ, ಪರೀಕ್ಷೆ ಮುಗಿದ ಮೇಲೆ ಮರೆತುಬಿಡುತ್ತೇವೆ. ಆದರೆ ಒಬ್ಬ ವಿಜ್ಞಾನಿ ಈ ಮಧ್ಯಾಂಕದ ಲೆಕ್ಕವನ್ನು ತಮ್ಮ ಪ್ರಾಣದ ವಿಷಯದಲ್ಲೇ ಬಿಡಿಸಬೇಕಾಯಿತು. ಅವರ ಹೆಸರು ಸ್ಟೀಫನ್ ಜೇ ಗೂಲ್ಡ್. ನಾವು ಯಾರೂ ಹುಟ್ಟುವ ಮೊದಲೇ ಅವರು ತೀರಿಕೊಂಡರು. ಆದರೂ ಅವರ ಕಥೆ ಇಂಡಿ, ಸಿಂದಗಿ, ಮುದ್ದೇಬಿಹಾಳ, ಬಸವನ ಬಾಗೇವಾಡಿಯ ಮನೆಗಳಿಗೂ ಬೇಕಾದದ್ದು ಎಂದು ನನಗೆ ಅನ್ನಿಸಿದ್ದರಿಂದ ಈ ಲೇಖನ ಬರೆಯುತ್ತಿದ್ದೇನೆ.

ಗೂಲ್ಡ್ ಅವರು 1941ರ ಸೆಪ್ಟೆಂಬರ್ 10ರಂದು ಅಮೆರಿಕದ ನ್ಯೂಯಾರ್ಕ್ ನಗರದಲ್ಲಿ ಒಂದು ಯಹೂದಿ ಕುಟುಂಬದಲ್ಲಿ ಹುಟ್ಟಿದರು. ತಂದೆ ನ್ಯಾಯಾಲಯದಲ್ಲಿ ಶೀಘ್ರಲಿಪಿಕಾರರು. ತಾಯಿ ಚಿತ್ರ ಬರೆಯುತ್ತಿದ್ದರು. ಐದು ವರ್ಷದ ಹುಡುಗನಾಗಿದ್ದಾಗ ತಂದೆ ಅವರನ್ನು ಊರಿನ ದೊಡ್ಡ ವಸ್ತುಸಂಗ್ರಹಾಲಯಕ್ಕೆ ಕರೆದುಕೊಂಡು ಹೋದರು. ಅಲ್ಲಿ ಟೈರನೋಸಾರಸ್ ಎಂಬ ಡೈನೋಸಾರಿನ ಎಲುಬಿನ ಗೂಡು ನಿಂತಿತ್ತು. ಹುಡುಗ ಮೊದಲು ಹೆದರಿದ, ಆಮೇಲೆ ಮರುಳಾದ. ದೊಡ್ಡವನಾದ ಮೇಲೆ ಇಂಥ ಪಳೆಯುಳಿಕೆಗಳನ್ನೇ ಓದಬೇಕೆಂದು ಅಂದೇ ಮನಸ್ಸು ಮಾಡಿದ. ಆ ಮಾತನ್ನು ಅವರು ಉಳಿಸಿಕೊಂಡರು. 1963ರಲ್ಲಿ ಪದವಿ, 1967ರಲ್ಲಿ ಕೊಲಂಬಿಯಾ ವಿಶ್ವವಿದ್ಯಾಲಯದಿಂದ ಡಾಕ್ಟರೇಟ್ ಪಡೆದರು. ಅದೇ ವರ್ಷ ಹಾರ್ವರ್ಡ್ ವಿಶ್ವವಿದ್ಯಾಲಯದಲ್ಲಿ ಅಧ್ಯಾಪಕರಾಗಿ ಸೇರಿದರು.

ಡೈನೋಸಾರ್ ನೋಡಿ ಈ ದಾರಿಗೆ ಬಂದರೂ ಅವರು ಹೆಚ್ಚು ಓದಿದ್ದು ಬಸವನಹುಳುಗಳನ್ನು. ಬರ್ಮುಡಾ, ಬಹಾಮಾಸ್ ದ್ವೀಪಗಳಲ್ಲಿ ನೆಲದ ಮೇಲೆ ಹರಿದಾಡುವ ಬಸವನಹುಳುಗಳ ಚಿಪ್ಪುಗಳನ್ನು ಆರಿಸಿ, ಒಂದೊಂದನ್ನೂ ಅಳೆದು, ಅಂಕಿ ಬರೆದುಕೊಳ್ಳುವುದು ಅವರ ಕೆಲಸ. ಒಂದೇ ಜಾತಿಯ ಹುಳುವಾದರೂ ಯಾವ ಎರಡು ಚಿಪ್ಪುಗಳೂ ಒಂದೇ ಅಳತೆಯವಲ್ಲ. ಸರಾಸರಿ ಎಂಬುದು ನಾವು ಕಾಗದದ ಮೇಲೆ ಮಾಡಿಕೊಂಡ ಒಂದು ಅಂಕಿ, ನಿಜವಾಗಿ ಇರುವುದು ಒಂದಕ್ಕೊಂದು ಬೇರೆಯಾದ ಚಿಪ್ಪುಗಳು ಮಾತ್ರ ಎಂಬುದು ಅವರಿಗೆ ಈ ಕೆಲಸದಿಂದಲೇ ಮನದಟ್ಟಾಯಿತು. ಈ ಒಂದು ಪಾಠ ಮುಂದೆ ಅವರ ಕೈ ಹಿಡಿಯಿತು.

1972ರಲ್ಲಿ ಅವರು ನೈಲ್ಸ್ ಎಲ್ಡ್ರೆಡ್ಜ್ ಅವರ ಜೊತೆ ಸೇರಿ ಒಂದು ಸಿದ್ಧಾಂತ ಮಂಡಿಸಿದರು. ಜೀವಿಗಳ ಜಾತಿಗಳು ಬಹುಕಾಲ ಹೆಚ್ಚು ಬದಲಾಗದೆ ಇದ್ದು, ನಡುವೆ ಅಲ್ಪಕಾಲದಲ್ಲಿ ಬೇಗ ಬದಲಾಗುತ್ತವೆ ಎಂಬುದು ಅದರ ಸಾರ. ಇದರಿಂದ ವಿಜ್ಞಾನಿಗಳ ನಡುವೆ ದೊಡ್ಡ ಚರ್ಚೆ ನಡೆಯಿತು. 1974ರ ಜನವರಿಯಿಂದ ಅವರು ಒಂದು ಪತ್ರಿಕೆಗೆ ಪ್ರತಿ ತಿಂಗಳು ಸಾಮಾನ್ಯ ಓದುಗರಿಗಾಗಿ ವಿಜ್ಞಾನದ ಪ್ರಬಂಧ ಬರೆಯತೊಡಗಿದರು. 1981ರಲ್ಲಿ ಬಂದ ಅವರ ಒಂದು ಪುಸ್ತಕ ಮನುಷ್ಯರ ತಲೆಬುರುಡೆ ಅಳೆದು, ಬುದ್ಧಿಯ ಅಂಕ ಕೊಟ್ಟು, ಈ ಜನಾಂಗ ಮೇಲು ಆ ಜನಾಂಗ ಕೀಳು ಎಂದು ಹೇಳಿದವರ ಲೆಕ್ಕ ಹೇಗೆ ತಪ್ಪು ಎಂದು ತೋರಿಸಿತು. ಅಂಕಿಗಳು ತಾವಾಗಿ ಸುಳ್ಳು ಹೇಳುವುದಿಲ್ಲ, ಅವುಗಳನ್ನು ಓದುವವರು ತಪ್ಪು ಓದುತ್ತಾರೆ ಎಂಬುದು ಅವರ ವಾದ. ಆಗ ಅವರಿಗೆ ನಲವತ್ತು ವರ್ಷ. ಹೆಸರು, ಪ್ರಶಸ್ತಿ, ಇಬ್ಬರು ಗಂಡುಮಕ್ಕಳು, ಕೈತುಂಬ ಕೆಲಸ ಎಲ್ಲವೂ ಇತ್ತು.

1982ರ ಜುಲೈ ತಿಂಗಳಲ್ಲಿ ಅವರ ಹೊಟ್ಟೆಯಲ್ಲಿ ಕ್ಯಾನ್ಸರ್ ಇದೆ ಎಂದು ಗೊತ್ತಾಯಿತು. ಅದರ ಹೆಸರು ಮೀಸೋಥೀಲಿಯೋಮಾ. ನಮ್ಮ ಶ್ವಾಸಕೋಶವನ್ನೂ ಹೊಟ್ಟೆಯ ಒಳಗಿನ ಅಂಗಗಳನ್ನೂ ಸುತ್ತಿಕೊಂಡು ಒಂದು ತೆಳುವಾದ ಪೊರೆ ಇರುತ್ತದೆ. ಆ ಪೊರೆಯಲ್ಲಿ ಹುಟ್ಟುವ ಅಪರೂಪದ ಕ್ಯಾನ್ಸರ್ ಇದು. ಇದಕ್ಕೆ ಮುಖ್ಯ ಕಾರಣ ಆಸ್ಬೆಸ್ಟಾಸ್ ಎಂಬ ಖನಿಜದ ಧೂಳು. ಕನ್ನಡದಲ್ಲಿ ಇದಕ್ಕೆ ಕಲ್ನಾರು ಎನ್ನುತ್ತಾರೆ. ಕಲ್ಲೇ ಆದರೂ ನಾರಿನ ಹಾಗೆ ಎಳೆ ಎಳೆಯಾಗಿ ಬಿಡಿಸಿಕೊಳ್ಳುವುದರಿಂದ ಆ ಹೆಸರು. ಎಳೆಗಳು ಕಣ್ಣಿಗೆ ಕಾಣದಷ್ಟು ಸಣ್ಣವು. ಉಸಿರಿನ ಜೊತೆ ಒಳಗೆ ಹೋದರೆ ಕರಗುವುದಿಲ್ಲ, ಪೂರ್ತಿಯಾಗಿ ಹೊರಗೂ ಬರುವುದಿಲ್ಲ. ಅಲ್ಲೇ ಕುಳಿತು ವರ್ಷಗಟ್ಟಲೆ ಕೆರಳಿಸುತ್ತವೆ. ಧೂಳು ಒಳಗೆ ಹೋದ ಮೇಲೆ ಕಾಯಿಲೆ ಕಾಣಿಸಿಕೊಳ್ಳಲು ಸಾಮಾನ್ಯವಾಗಿ 20ರಿಂದ 50 ವರ್ಷ ಬೇಕು. ಹದಿನೇಳರ ವಯಸ್ಸಿನಲ್ಲಿ ಕುಡಿದ ಧೂಳಿನ ಸಾಲವನ್ನು ಅರವತ್ತರಲ್ಲಿ ತೀರಿಸಬೇಕಾಗಬಹುದು ಎಂದು ಇದರ ಅರ್ಥ.

ಶಸ್ತ್ರಚಿಕಿತ್ಸೆ ಆದ ಮೇಲೆ ಗೂಲ್ಡ್ ಅವರು ತಮ್ಮ ವೈದ್ಯರನ್ನು ಈ ಕಾಯಿಲೆಯ ಬಗ್ಗೆ ಏನು ಓದಬೇಕು ಎಂದು ಕೇಳಿದರು. ಓದುವಂಥದ್ದು ಏನೂ ಇಲ್ಲ ಎಂಬ ಅರ್ಥದ ಉತ್ತರ ಬಂತು. ಓದಿಯೇ ಬದುಕಿದ ಮನುಷ್ಯನಿಗೆ ಈ ಉತ್ತರದಿಂದ ಸಮಾಧಾನವಾಗಲಿಲ್ಲ. ಎದ್ದು ನಡೆಯುವಷ್ಟು ಶಕ್ತಿ ಬಂದ ಕೂಡಲೇ ಅವರು ಹಾರ್ವರ್ಡಿನ ವೈದ್ಯಕೀಯ ಗ್ರಂಥಾಲಯಕ್ಕೆ ಹೋಗಿ ಕುಳಿತರು. ವೈದ್ಯರು ಯಾಕೆ ಹಾಗೆ ಹೇಳಿದರು ಎಂಬುದು ಅಲ್ಲಿ ತಿಳಿಯಿತು. ಪುಸ್ತಕಗಳೆಲ್ಲ ಒಂದೇ ಮಾತು ಹೇಳುತ್ತಿದ್ದವು. ಈ ಕಾಯಿಲೆ ಪೂರ್ತಿ ಗುಣವಾಗುವುದಿಲ್ಲ, ಗೊತ್ತಾದ ಮೇಲೆ ಬದುಕುವ ಅವಧಿಯ ಮಧ್ಯಾಂಕ ಎಂಟು ತಿಂಗಳು. ಅವರು ಹದಿನೈದು ನಿಮಿಷ ಮಂಕಾಗಿ ಕುಳಿತರು. ಆಮೇಲೆ ಬಸವನಹುಳು ಅಳೆದ ಮನಸ್ಸು ಕೆಲಸ ಮಾಡಲು ಶುರು ಮಾಡಿತು.

ಎಂಟು ತಿಂಗಳು ಎಂದು ಕೇಳಿದ ಯಾರಾದರೂ ಏನು ತಿಳಿಯುತ್ತಾರೆ? ಇನ್ನು ಎಂಟು ತಿಂಗಳಿಗೆ ನಾನು ಸಾಯುತ್ತೇನೆ ಎಂದು. ಆದರೆ ಮಧ್ಯಾಂಕ ಹೇಳುವುದು ಅದಲ್ಲ. ನಮ್ಮ ತರಗತಿಯ ಲೆಕ್ಕದ ಹಾಗೆ ಒಂದು ಉದಾಹರಣೆ ನೋಡೋಣ. ಈ ಅಂಕಿಗಳು ನಾನೇ ಮಾಡಿಕೊಂಡವು. ಏಳು ರೋಗಿಗಳು ಇದ್ದಾರೆ ಎಂದುಕೊಳ್ಳಿ. ಅವರು ಬದುಕಿದ ತಿಂಗಳುಗಳು 2, 4, 6, 8, 15, 40, 240. ನಡುವಿನ ಅಂಕಿ 8, ಅದೇ ಮಧ್ಯಾಂಕ. ಒಟ್ಟು ಕೂಡಿಸಿ ಏಳರಿಂದ ಭಾಗಿಸಿದರೆ ಸರಾಸರಿ 45 ತಿಂಗಳು. ಎಡಗಡೆ ಸೊನ್ನೆಗಿಂತ ಕೆಳಗೆ ಯಾರೂ ಹೋಗುವಂತಿಲ್ಲ. ಬಲಗಡೆ ಮಾತ್ರ ಜಾಗ ಇದೆ, ಅಲ್ಲಿ ಬಾಲ ಉದ್ದಕ್ಕೆ ಹೋಗುತ್ತದೆ. ನಕ್ಷೆ ಬರೆದರೆ ಅದು ಬಲಕ್ಕೆ ಓರೆಯಾಗುತ್ತದೆ. ಹಾಗಾದರೆ ರೋಗಿಯೊಬ್ಬ ಕೇಳಬೇಕಾದ ಪ್ರಶ್ನೆ, ನಡುವಿನ ಅಂಕಿ ಎಷ್ಟು ಎಂಬುದಷ್ಟೇ ಅಲ್ಲ. ಬಾಲ ಎಷ್ಟು ಉದ್ದ ಇದೆ, ನಾನು ಆ ಬಾಲದಲ್ಲಿ ಇರಲು ಯಾವ ಕಾರಣಗಳಿವೆ ಎಂಬುದು.

ಗೂಲ್ಡ್ ಅವರು ಇದೇ ಪ್ರಶ್ನೆ ಕೇಳಿಕೊಂಡರು. ತಮ್ಮ ವಯಸ್ಸು ಕಡಿಮೆ. ಕಾಯಿಲೆ ಸಾಕಷ್ಟು ಬೇಗ ಸಿಕ್ಕಿದೆ. ಒಳ್ಳೆಯ ವೈದ್ಯರ ಕೈಯಲ್ಲಿದ್ದೇನೆ. ಬದುಕುವ ಆಸೆಯೂ ಇದೆ. ಇನ್ನೊಂದು ಮುಖ್ಯ ವಿಷಯವನ್ನೂ ಅವರು ಗಮನಿಸಿದರು. ಪುಸ್ತಕದ ಎಂಟು ತಿಂಗಳು ಹಳೆಯ ಚಿಕಿತ್ಸೆ ಪಡೆದವರ ಲೆಕ್ಕ. ತಮಗೆ ಕೊಡುತ್ತಿರುವುದು ಹೊಸ ಪ್ರಯೋಗದ ಚಿಕಿತ್ಸೆ. ಚಿಕಿತ್ಸೆ ಬದಲಾದರೆ ನಕ್ಷೆಯೇ ಬದಲಾಗಬಹುದು, ಆಗ ಹಳೆಯ ಮಧ್ಯಾಂಕ ತಮಗೆ ಅನ್ವಯಿಸದೆಯೂ ಇರಬಹುದು. ಹೀಗೆ ಲೆಕ್ಕ ಹಾಕಿದ ಮೇಲೆ ಅವರ ಮನಸ್ಸಿಗೆ ಉಸಿರಾಡಲು ಜಾಗ ಸಿಕ್ಕಿತು.

ಆದರೆ ಲೆಕ್ಕದಿಂದ ಕಾಯಿಲೆ ಹೋಗುವುದಿಲ್ಲ. ಶಸ್ತ್ರಚಿಕಿತ್ಸೆ, ವಿಕಿರಣ, ಕೀಮೋಥೆರಪಿ ಮೂರನ್ನೂ ಅವರು ಅನುಭವಿಸಬೇಕಾಯಿತು. ಕೀಮೋಥೆರಪಿ ಎಂದರೆ ಬೇಗ ಬೇಗ ಬೆಳೆಯುವ ಜೀವಕೋಶಗಳನ್ನು ಕೊಲ್ಲುವ ಔಷಧಿ. ಕ್ಯಾನ್ಸರಿನ ಜೊತೆಗೆ ಕೂದಲು, ಕರುಳು, ರಕ್ತದ ಒಳ್ಳೆಯ ಕೋಶಗಳಿಗೂ ಅದು ಪೆಟ್ಟು ಕೊಡುತ್ತದೆ. ವಾಂತಿ, ನಿಶ್ಶಕ್ತಿ ಎಲ್ಲ ಬರುತ್ತದೆ. ಅಂಥ ದಿನಗಳಲ್ಲೂ ಅವರ ತಿಂಗಳ ಪ್ರಬಂಧ ಒಂದೂ ತಪ್ಪಲಿಲ್ಲ. ಕೊನೆಗೆ ಕಾಯಿಲೆ ಹಿಂದೆ ಸರಿಯಿತು. ಪರೀಕ್ಷೆಯಲ್ಲಿ ಕಾಯಿಲೆಯ ಗುರುತು ಕಡಿಮೆಯಾಗುವ ಅಥವಾ ಸಿಗದಂತಾಗುವ ಸ್ಥಿತಿಗೆ ವೈದ್ಯರು ರೆಮಿಷನ್ ಎನ್ನುತ್ತಾರೆ. ಪೂರ್ತಿ ಗುಣವಾಯಿತು ಎಂದು ಹೇಳುವುದಕ್ಕಿಂತ ಇದು ಎಚ್ಚರಿಕೆಯ ಮಾತು. ಕಾಯಿಲೆ ಶಾಂತವಾಗಿದೆ, ಆದರೆ ತಪಾಸಣೆ ಬಿಡಬಾರದು ಎಂಬುದು ಅದರ ಒಳಗಿನ ಅರ್ಥ.

1985ರಲ್ಲಿ ಅವರು ಈ ಅನುಭವವನ್ನು ಒಂದು ಚಿಕ್ಕ ಪ್ರಬಂಧದಲ್ಲಿ ಬರೆದರು. ಮಧ್ಯಾಂಕವೇ ಸಂದೇಶವಲ್ಲ ಎಂಬ ಅರ್ಥದ ಶೀರ್ಷಿಕೆ ಅದಕ್ಕಿತ್ತು. ಅದು ಆಸ್ಪತ್ರೆಗಳಲ್ಲಿ ಕೈಯಿಂದ ಕೈಗೆ ಹೋಯಿತು. ವೈದ್ಯರು ರೋಗಿಗಳಿಗೆ ಕೊಟ್ಟರು, ರೋಗಿಗಳು ರೋಗಿಗಳಿಗೆ ಕೊಟ್ಟರು. ಅವರ ನೂರಾರು ಬರಹಗಳಲ್ಲಿ ಬಹುಶಃ ಅತಿ ಹೆಚ್ಚು ಜನರ ಕಣ್ಣೀರು ಒರೆಸಿದ್ದು ಇದೇ ಇರಬೇಕು.

ಇಲ್ಲಿ ಇನ್ನೊಬ್ಬರ ಹೆಸರನ್ನು ಹೇಳಲೇಬೇಕು. ಹಾಲಿವುಡ್ಡಿನ ದೊಡ್ಡ ನಟ ಸ್ಟೀವ್ ಮೆಕ್‌ಕ್ವೀನ್ ಅವರಿಗೂ ಇದೇ ಜಾತಿಯ ಕ್ಯಾನ್ಸರ್, ಶ್ವಾಸಕೋಶದ ಪೊರೆಯಲ್ಲಿ ಬಂದಿತ್ತು. 1979ರ ಕೊನೆಗೆ ಗೊತ್ತಾಯಿತು. ವೈದ್ಯರಿಂದ ಭರವಸೆ ಸಿಗದಿದ್ದಾಗ ಅವರು ಮೆಕ್ಸಿಕೋಗೆ ಹೋಗಿ ಹಣ್ಣಿನ ಬೀಜದಿಂದ ತೆಗೆದ ಔಷಧಿ ಮೊದಲಾದ, ವಿಜ್ಞಾನ ಒಪ್ಪದ ಚಿಕಿತ್ಸೆಗಳನ್ನು ಮಾಡಿಸಿಕೊಂಡರು. 1980ರ ನವೆಂಬರ್ 7ರಂದು, ಐವತ್ತನೆಯ ವಯಸ್ಸಿನಲ್ಲಿ ತೀರಿಕೊಂಡರು. ಅವರ ಕಾಯಿಲೆ ಬೇರೆ ಜಾಗದಲ್ಲಿತ್ತು, ಹೆಚ್ಚು ಹಬ್ಬಿತ್ತು. ಆದ್ದರಿಂದ ಇಬ್ಬರನ್ನೂ ತಕ್ಕಡಿಯಲ್ಲಿ ಇಡುವುದು ನ್ಯಾಯವಲ್ಲ. ಆದರೂ ಒಂದು ಮಾತು ನಿಜ. ಭರವಸೆ ಇಲ್ಲದವರ ಹತ್ತಿರ ಸುಳ್ಳು ಭರವಸೆ ಮಾರುವವರು ಬೇಗ ಬರುತ್ತಾರೆ. ಅಮೆರಿಕದ ಶ್ರೀಮಂತ ನಟನಿಗೆ ಹಾಗಾದರೆ ನಮ್ಮ ತಾಲ್ಲೂಕಿನ ಬಡವರ ಗತಿ ಏನು?

ಗೂಲ್ಡ್ ಅವರ ನಂತರ ಈ ಕಾಯಿಲೆಯ ಚಿಕಿತ್ಸೆ ಎಲ್ಲಿಗೆ ಬಂತು ಎಂಬುದನ್ನೂ ಹೇಳಬೇಕು. 2004ರಲ್ಲಿ ಅಮೆರಿಕದಲ್ಲಿ ಪೆಮೆಟ್ರೆಕ್ಸೆಡ್ ಎಂಬ ಔಷಧಿಗೆ, ಸಿಸ್ಪ್ಲಾಟಿನ್ ಜೊತೆ ಕೊಡಲು ಒಪ್ಪಿಗೆ ಸಿಕ್ಕಿತು. ಶ್ವಾಸಕೋಶದ ಪೊರೆಯ ಮೀಸೋಥೀಲಿಯೋಮಾಕ್ಕೆಂದೇ ಒಪ್ಪಿಗೆ ಪಡೆದ ಮೊದಲ ಔಷಧಿ ಅದು. ಪ್ರಯೋಗದಲ್ಲಿ ಮಧ್ಯಾಂಕ 9.3 ತಿಂಗಳಿಂದ 12.1 ತಿಂಗಳಿಗೆ ಏರಿತ್ತು. ಜೀವಕೋಶ ಬೆಳೆಯಲು ಫೋಲಿಕ್ ಆಮ್ಲ ಬೇಕು. ಈ ಔಷಧಿ ಆ ದಾರಿಯನ್ನೇ ಮುಚ್ಚುತ್ತದೆ. ಈ ಉಪಾಯದ ಹಿಂದೆ ನಮ್ಮ ಪಕ್ಕದ ಆಂಧ್ರದ ಭೀಮವರಂನಲ್ಲಿ 1895ರಲ್ಲಿ ಹುಟ್ಟಿದ ಯಲ್ಲಾಪ್ರಗಡ ಸುಬ್ಬರಾವ್ ಇದ್ದಾರೆ. ಅಮೆರಿಕದಲ್ಲಿ ಅವರ ತಂಡ ತಯಾರಿಸಿದ ಫೋಲಿಕ್ ಆಮ್ಲ ವಿರೋಧಿ ಔಷಧಿಯನ್ನೇ ಬಾಸ್ಟನ್ನಿನ ವೈದ್ಯ ಸಿಡ್ನಿ ಫಾರ್ಬರ್ ರಕ್ತದ ಕ್ಯಾನ್ಸರ್ ಇದ್ದ ಮಕ್ಕಳಿಗೆ ಕೊಟ್ಟರು. 1948ರಲ್ಲಿ ಆ ಮಕ್ಕಳಲ್ಲಿ ಕೆಲವರಿಗೆ ಸ್ವಲ್ಪ ಕಾಲ ರೆಮಿಷನ್ ಬಂದದ್ದು ಜಗತ್ತಿಗೆ ತಿಳಿಯಿತು. ಪೆಮೆಟ್ರೆಕ್ಸೆಡ್ ಅದೇ ವಂಶದ ಮೊಮ್ಮಗ.

2020ರಲ್ಲಿ ದೇಹದ ರೋಗನಿರೋಧಕ ಶಕ್ತಿಯನ್ನೇ ಎಬ್ಬಿಸುವ ಎರಡು ಔಷಧಿಗಳ ಜೋಡಿಗೆ ಒಪ್ಪಿಗೆ ಸಿಕ್ಕಿತು. ಆ ಪ್ರಯೋಗದಲ್ಲಿ ಮಧ್ಯಾಂಕ 18.1 ತಿಂಗಳು, ಕೀಮೋಥೆರಪಿ ಪಡೆದವರಲ್ಲಿ 14.1 ತಿಂಗಳು. ಗೂಲ್ಡ್ ಅವರಿಗೆ ಬಂದಂಥ ಹೊಟ್ಟೆಯ ಪೊರೆಯ ಕಾಯಿಲೆಗೆ ಈಗ ಗಡ್ಡೆಗಳನ್ನೆಲ್ಲ ಆರಿಸಿ ತೆಗೆದು, ಶಸ್ತ್ರಚಿಕಿತ್ಸೆಯ ಮೇಜಿನ ಮೇಲೆಯೇ ಬಿಸಿ ಮಾಡಿದ ಕೀಮೋ ದ್ರವದಿಂದ ಹೊಟ್ಟೆಯನ್ನು ತೊಳೆಯುತ್ತಾರೆ. ಹಾಗೆ ಚಿಕಿತ್ಸೆ ಪಡೆದ 405 ರೋಗಿಗಳ ಲೆಕ್ಕ 2009ರಲ್ಲಿ ಪ್ರಕಟವಾಯಿತು. ಮಧ್ಯಾಂಕ 53 ತಿಂಗಳು. ಇವರು ಇಂಥ ದೊಡ್ಡ ಶಸ್ತ್ರಚಿಕಿತ್ಸೆ ತಡೆದುಕೊಳ್ಳಬಲ್ಲವರೆಂದು ಆರಿಸಿದ ರೋಗಿಗಳು ಎಂಬುದನ್ನು ಮರೆಯಬಾರದು. ಆದರೂ ಎಂಟು ಎಲ್ಲಿ, ಐವತ್ತಮೂರು ಎಲ್ಲಿ! ಹಳೆಯ ಅಂಕಿ ಹೊಸ ರೋಗಿಯ ಹಣೆಬರಹವಲ್ಲ ಎಂದು ಗೂಲ್ಡ್ ಅವರು ಗ್ರಂಥಾಲಯದಲ್ಲಿ ಕುಳಿತು ಯೋಚಿಸಿದ್ದು ಸರಿಯೇ ಆಯಿತು.

ಚಿಕಿತ್ಸೆಯ ನಂತರ ಗೂಲ್ಡ್ ಅವರು ಇನ್ನೂ ಹೆಚ್ಚು ದುಡಿದರು. ಅನೇಕ ಪುಸ್ತಕಗಳು ಬಂದವು. 1996ರ ಒಂದು ಪುಸ್ತಕದಲ್ಲಿ ತಮ್ಮ ಕಾಯಿಲೆಯ ಲೆಕ್ಕವನ್ನು ಮತ್ತೊಮ್ಮೆ ವಿವರಿಸಿದರು. 1999ರಲ್ಲಿ ವಿಜ್ಞಾನ ಮತ್ತು ಧರ್ಮ ಒಂದರ ಹೊಲದಲ್ಲಿ ಇನ್ನೊಂದು ಕಾಲಿಡದೆ ಗೌರವದಿಂದ ಇರಬಹುದು ಎಂದು ಒಂದು ಪುಸ್ತಕವನ್ನೇ ಬರೆದರು. ಅವರ ಎಲ್ಲ ವಿಚಾರಗಳನ್ನು ನಾವು ಒಪ್ಪಬೇಕೆಂದೇನೂ ಇಲ್ಲ. 2001ರ ಜನವರಿಗೆ ಅವರ ತಿಂಗಳ ಪ್ರಬಂಧಗಳು 300 ಆದವು. ಒಂದು ತಿಂಗಳೂ ಬಿಡದೆ ಬರೆದು, ಅಲ್ಲಿಗೆ ನಿಲ್ಲಿಸಿದರು. 2002ರಲ್ಲಿ ಅವರ ಜೀವಮಾನದ ದೊಡ್ಡ ಗ್ರಂಥ ಬಂತು. ಅದರ ಪುಟಗಳು ಸಾವಿರದ ನಾನೂರು ದಾಟುತ್ತವೆ. ಅದೇ ವರ್ಷ ಮೇ 20ರಂದು ನ್ಯೂಯಾರ್ಕಿನ ತಮ್ಮ ಮನೆಯಲ್ಲಿ, ಪುಸ್ತಕಗಳ ನಡುವೆ ಅವರು ತೀರಿಕೊಂಡರು. ವಯಸ್ಸು ಅರವತ್ತು. ಅವರನ್ನು ಒಯ್ದದ್ದೂ ಕ್ಯಾನ್ಸರೇ, ಆದರೆ ಹಳೆಯದಲ್ಲ, ಅದಕ್ಕೆ ಸಂಬಂಧವಿಲ್ಲದ ಬೇರೊಂದು ಕ್ಯಾನ್ಸರ್. ಎಂಟು ತಿಂಗಳ ಲೆಕ್ಕ ಓದಿದ ದಿನದಿಂದ ಎಣಿಸಿದರೆ ಅವರು ಸುಮಾರು 238 ತಿಂಗಳು ಬದುಕಿದ್ದರು.

ಈ ಕಥೆಯನ್ನು ತಪ್ಪಾಗಿ ಹೇಳಲು ಎರಡು ದಾರಿಗಳಿವೆ. ಧೈರ್ಯ ಇದ್ದರೆ ಕ್ಯಾನ್ಸರ್ ಗೆಲ್ಲಬಹುದು ಎನ್ನುವುದು ಒಂದು. ಹಾಗೆ ಹೇಳಿದರೆ ತೀರಿಕೊಂಡವರಿಗೆ ಧೈರ್ಯ ಇರಲಿಲ್ಲ ಎಂದಂತಾಗುತ್ತದೆ. ಅದು ಸುಳ್ಳು, ಅವರ ಮನೆಯವರ ಮನಸ್ಸಿಗೆ ನೋವು. ನಮ್ಮ ಏಳು ಜನರಲ್ಲಿ ಎರಡು ತಿಂಗಳು ಬದುಕಿದವರೂ ಧೈರ್ಯವಂತರೇ ಇರಬಹುದು. ಎಲ್ಲರಿಗೂ ಇಪ್ಪತ್ತು ವರ್ಷ ಸಿಗುತ್ತದೆ ಎನ್ನುವುದು ಇನ್ನೊಂದು ತಪ್ಪು. ಬಾಲದ ತುದಿಯಲ್ಲಿ ಇರುವವರು ಕೆಲವರೇ. ಆದರೆ ಬಾಲ ಇದೆ ಎಂಬುದೂ ಅಷ್ಟೇ ಸತ್ಯ.

ನಮ್ಮ ಕಡೆ ಕ್ಯಾನ್ಸರ್ ಎಂಬ ಹೆಸರು ಕಿವಿಗೆ ಬಿದ್ದರೆ ಮನೆಯಲ್ಲಿ ಪಿಸುಮಾತು ಶುರುವಾಗುತ್ತದೆ. ರೋಗಿಗೆ ಹೇಳುವುದಿಲ್ಲ. ಇಷ್ಟು ತಿಂಗಳಂತೆ ಎಂದು ಯಾರೋ ಹೇಳಿದರೆ ಅದು ತಾರೀಖಿನ ಹಾಗೆ ಊರೆಲ್ಲ ಸುತ್ತುತ್ತದೆ. ಇನ್ನೇನು ಖರ್ಚು ಮಾಡುವುದು ಎಂದು ಚಿಕಿತ್ಸೆ ನಡುವೆ ಬಿಟ್ಟವರೂ ಇದ್ದಾರೆ. ಸಾವಿನ ಗಳಿಗೆ ಅಲ್ಲಾಹನಿಗೆ ಮಾತ್ರ ಗೊತ್ತು ಎಂದು ನಾವು ನಂಬುತ್ತೇವೆ. ಹಾಗಾದರೆ ಒಂದು ಅಂಕಿಯನ್ನು ಆ ಗಳಿಗೆ ಎಂದು ನಾವೇಕೆ ತಿಳಿಯಬೇಕು? ಒಂಟೆಯನ್ನು ಮೊದಲು ಕಟ್ಟಿ, ಆಮೇಲೆ ಅಲ್ಲಾಹನ ಮೇಲೆ ಭರವಸೆ ಇಡಬೇಕು ಎಂದು ಪ್ರವಾದಿ ಮುಹಮ್ಮದ್(ಸ) ಅವರು ಕಲಿಸಿದ್ದನ್ನು ನಾವೆಲ್ಲ ಚಿಕ್ಕಂದಿನಿಂದ ಕೇಳಿದ್ದೇವೆ. ನಮ್ಮ ಮನೆಗಳಲ್ಲಿ ದವಾ ಮತ್ತು ದುವಾ ಎಂಬ ಎರಡು ಮಾತನ್ನು ಜೊತೆಯಾಗಿಯೇ ಹೇಳುತ್ತಾರೆ. ಒಂದನ್ನು ಹಿಡಿದು ಇನ್ನೊಂದನ್ನು ಬಿಡಿ ಎಂದು ಯಾರೂ ಹೇಳಿಲ್ಲ. ಬೆಂಗಳೂರಿನಲ್ಲಿ ಕಿದ್ವಾಯಿ ಆಸ್ಪತ್ರೆ ಇದೆ, ಅದರ ಶಾಖೆ ಕಲಬುರಗಿಯಲ್ಲಿದೆ. ಹುಬ್ಬಳ್ಳಿಯ ನವನಗರದಲ್ಲಿ ಕ್ಯಾನ್ಸರ್ ಆಸ್ಪತ್ರೆ ಇದೆ. ಬಿಪಿಎಲ್ ಕಾರ್ಡು ಇದ್ದ ಕುಟುಂಬಕ್ಕೆ ಆಯುಷ್ಮಾನ್ ಭಾರತ್ – ಆರೋಗ್ಯ ಕರ್ನಾಟಕ ಯೋಜನೆಯಲ್ಲಿ ವರ್ಷಕ್ಕೆ 5 ಲಕ್ಷ ರೂಪಾಯಿವರೆಗೆ ನೆರವಿದೆ.

ಕೊನೆಗೆ ನಮ್ಮ ತಲೆಯ ಮೇಲಿನ ಮಾತು. ನಮ್ಮ ನಾಲ್ಕೂ ಊರುಗಳಲ್ಲಿ ಸಿಮೆಂಟ್ ಶೀಟಿನ ಮನೆ, ಅಂಗಡಿ, ದನದ ಕೊಟ್ಟಿಗೆಗಳು ಕಾಣುತ್ತವೆ. ಇಂಥ ಶೀಟುಗಳಲ್ಲಿ ಬಹಳಷ್ಟು ಆಸ್ಬೆಸ್ಟಾಸ್ ಇರುವವೇ. ಅರವತ್ತಕ್ಕೂ ಹೆಚ್ಚು ದೇಶಗಳು ಆಸ್ಬೆಸ್ಟಾಸನ್ನು ನಿಷೇಧಿಸಿವೆ. ನಮ್ಮ ದೇಶದಲ್ಲಿ ಗಣಿಗಾರಿಕೆಗೆ ತಡೆ ಇದೆ, ಆದರೆ ಹೊರಗಿನಿಂದ ತರಿಸಿ ಶೀಟು ಮಾಡುವುದು ನಿಂತಿಲ್ಲ. 1995ರಲ್ಲಿ ಸುಪ್ರೀಂ ಕೋರ್ಟ್ ಆಸ್ಬೆಸ್ಟಾಸ್ ಕಾರ್ಖಾನೆಗಳ ಕಾರ್ಮಿಕರ ಆರೋಗ್ಯದ ದಾಖಲೆಯನ್ನು ಕನಿಷ್ಠ 40 ವರ್ಷ ಇಡಬೇಕೆಂದು ಆದೇಶಿಸಿತು. ಯಾಕೆ ಅಷ್ಟು ವರ್ಷ ಎಂಬುದು ಈಗ ನಿಮಗೆ ಗೊತ್ತಿದೆ. ಆದರೆ ಊರೂರಿನಲ್ಲಿ ಶೀಟು ಕೂರಿಸುವ ಮಿಸ್ತ್ರಿಗಳ ದಾಖಲೆ ಯಾರು ಇಡುತ್ತಾರೆ?

ಹೆದರಿ ಮನೆ ಬಿಡಬೇಕಾಗಿಲ್ಲ. ಗಟ್ಟಿಯಾಗಿರುವ ಶೀಟು ಸುಮ್ಮನೆ ಮೇಲಿದ್ದರೆ ಧೂಳು ಏಳುವುದು ಬಹಳ ಕಡಿಮೆ. ಕತ್ತರಿಸುವಾಗ, ತೂತು ಹೊಡೆಯುವಾಗ, ಒಡೆಯುವಾಗ ಏಳುವ ಬಿಳಿ ಧೂಳೇ ಅಪಾಯ. ನೀರು ಹಾಕಿ ನೆನೆಸಿ ಕೆಲಸ ಮಾಡಬೇಕು. ಯಂತ್ರದ ಗರಗಸ ಬೇಡ. ಬರೀ ಕರ್ಚೀಪು ಕಟ್ಟಿದರೆ ಸಾಲದು, ಸಣ್ಣ ಧೂಳು ತಡೆಯುವ ಮಾಸ್ಕ್ ಬೇಕು. ಒಡೆದ ಚೂರುಗಳನ್ನು ಮಕ್ಕಳು ಆಡುವಲ್ಲಿ ಹಾಕಬಾರದು. ಧೂಳಿನ ಬಟ್ಟೆಯನ್ನು ಮನೆಯಲ್ಲಿ ಝಾಡಿಸಬಾರದು.

ನನ್ನ ಮಾಮು ಶೀಟು ಕೂರಿಸುವ ಕೆಲಸ ಮಾಡುತ್ತಾರೆ. ಗೂಲ್ಡ್ ಅವರ ಕಥೆಯನ್ನು ಅವರಿಗೆ ಉರ್ದುವಿನಲ್ಲಿ ಹೇಳಿದೆ. ಮಧ್ಯಾಂಕಕ್ಕೆ ಉರ್ದು ಮಾತು ನನಗೆ ಹೊಳೆಯಲಿಲ್ಲ, ಏಳು ಶೇಂಗಾಕಾಳು ಸಾಲಾಗಿ ಇಟ್ಟು ನಡುವಿನದನ್ನು ತೋರಿಸಿದೆ. ಅವರು ನಡುವಿನ ಕಾಳನ್ನು ನೋಡಲಿಲ್ಲ, ಕೊನೆಯ ಕಾಳನ್ನು ಕೈಯಲ್ಲಿ ಹಿಡಿದು ಸ್ವಲ್ಪ ಹೊತ್ತು ಸುಮ್ಮನಿದ್ದರು. ಮರುದಿನ ಕೆಲಸಕ್ಕೆ ಹೋಗುವಾಗ ಗಾಡಿಗೆ ಒಂದು ನೀರಿನ ಕ್ಯಾನು ಕಟ್ಟಿಕೊಂಡು ಹೋದರು.